ಹಳೇ ನೆಟ್‌ವರ್ಕ್ ಸ್ಕ್ಯಾನರ್: ಡೌನ್‌ಲೋಡ್ ಒತ್ತುವ ಮುನ್ನ ನೋಡಬೇಕಾದ್ದು

ಸಣ್ಣ ಆಫೀಸು, ಕಾಲೇಜಿನ ಲ್ಯಾಬು, ಸಿಸಿಟಿವಿ ಅಳವಡಿಸುವವರ ಲ್ಯಾಪ್‌ಟಾಪು, ಎಲ್ಲ ಕಡೆ ಏಳುವ ಪ್ರಶ್ನೆ ಒಂದೇ: ಈ ನೆಟ್‌ವರ್ಕಿನಲ್ಲಿ ಏನೇನಿದೆ, ಯಾವುದಕ್ಕೆ ಯಾವ ಐಪಿ (ನೆಟ್‌ವರ್ಕಿನೊಳಗಿನ ವಿಳಾಸ) ಬಿದ್ದಿದೆ? ಅದನ್ನು ಹುಡುಕಿ ಹೇಳುವ ಸಾಫ್ಟ್‌ವೇರೇ ನೆಟ್‌ವರ್ಕ್ ಸ್ಕ್ಯಾನರ್. ಐದು ನಿಮಿಷದ ಕೆಲಸ. ಅದಕ್ಕಾಗಿ ಗೂಗಲ್‌ನಲ್ಲಿ ‘ಐಪಿ ಸ್ಕ್ಯಾನರ್ ಫ್ರೀ ಡೌನ್‌ಲೋಡ್’ ಎಂದು ಟೈಪಿಸಿ, ಮೊದಲು ಕಂಡ ಲಿಂಕ್ ಒತ್ತಿ, ಬಂದ ಫೈಲನ್ನು ಅಡ್ಮಿನ್ ಆಗಿ ಓಡಿಸಿಬಿಡುವ ರೂಢಿ ಇದೆಯಲ್ಲ, ದಾಳಿಕೋರರು ಈಚಿನ ವರ್ಷಗಳಲ್ಲಿ ಬಲೆ ಹಾಸಿರುವುದು ಅಲ್ಲೇ.

ಹಳೇ ಆವೃತ್ತಿಯನ್ನೇ ಹುಡುಕುವವರಿಗೆ ಅವರದೇ ಕಾರಣಗಳಿರುತ್ತವೆ. ಮೊದಲು ಉಚಿತವಾಗಿದ್ದ ಟೂಲ್ ಈಗ ಹಣ ಕೇಳುತ್ತದೆ. ಲ್ಯಾಬಿನ ಕಂಪ್ಯೂಟರು ಇನ್ನೂ 32 ಬಿಟ್ ವಿಂಡೋಸ್ 7ರಲ್ಲೇ ಇದೆ. ಹತ್ತು ವರ್ಷ ಹಿಂದಿನ ವಿಡಿಯೊದಲ್ಲಿ ತೋರಿಸಿದ ಬಟನ್ನು ಹೊಸ ಆವೃತ್ತಿಯಲ್ಲಿ ಸಿಗುವುದಿಲ್ಲ. ಕಾರಣ ಏನೇ ಇರಲಿ, ಹಳೇ ಫೈಲ್ ತಯಾರಕರ ತಾಣದಲ್ಲಿ ಇರುವುದು ಕಡಿಮೆ. ಆದ್ದರಿಂದ ಹುಡುಕಾಟ ಮೂರನೆಯವರ ಡೌನ್‌ಲೋಡ್ ತಾಣಗಳಿಗೆ ಹೋಗಿ ನಿಲ್ಲುತ್ತದೆ. ಅಪಾಯದ ದೊಡ್ಡ ಪಾಲು ಹುಟ್ಟುವುದು ಇಲ್ಲಿ. ಸಾಫ್ಟ್‌ವೇರ್ ಎಷ್ಟು ಹಳೆಯದು ಎಂಬುದಕ್ಕಿಂತ ಅದು ಎಲ್ಲಿಂದ ಬಂತು ಎಂಬುದು ಮೊದಲ ಪ್ರಶ್ನೆಯಾಗಬೇಕು.

2024ರ ಏಪ್ರಿಲ್‌ನಲ್ಲಿ ಜಡ್‌ಸ್ಕೇಲರ್ ಸಂಸ್ಥೆಯ ಸಂಶೋಧಕರು ಬಯಲಿಗೆ ತಂದ ‘ಮ್ಯಾಡ್‌ಎಮ್‌ಎಕ್ಸ್‌ಶೆಲ್’ ಪ್ರಕರಣವನ್ನು ನೋಡಿ. 2023ರ ನವೆಂಬರ್‌ನಿಂದ 2024ರ ಮಾರ್ಚ್‌ವರೆಗೆ ದಾಳಿಕೋರರು ಅಡ್ವಾನ್ಸ್ಡ್ ಐಪಿ ಸ್ಕ್ಯಾನರ್, ಆಂಗ್ರಿ ಐಪಿ ಸ್ಕ್ಯಾನರ್ ಮುಂತಾದವುಗಳ ಹೆಸರಿಗೆ ಒಂದೆರಡು ಅಕ್ಷರ ಹೆಚ್ಚುಕಡಿಮೆ ಮಾಡಿ ಹಲವಾರು ಡೊಮೇನ್ (ವೆಬ್ ವಿಳಾಸ) ನೋಂದಾಯಿಸಿದರು. ಗೂಗಲ್‌ಗೆ ದುಡ್ಡು ಕೊಟ್ಟು ಜಾಹೀರಾತು ಹಾಕಿಸಿ, ಹುಡುಕಿದವರ ಕಣ್ಣಿಗೆ ತಮ್ಮ ನಕಲಿ ತಾಣವೇ ಮೇಲೆ ಬೀಳುವಂತೆ ನೋಡಿಕೊಂಡರು. ಅಲ್ಲಿ ಡೌನ್‌ಲೋಡ್ ಒತ್ತಿದರೆ ಸಿಗುತ್ತಿದ್ದದ್ದು ಒಂದು ಜಿಪ್ ಫೈಲ್. ಒಳಗೆ ಸ್ಕ್ಯಾನರಿನ ಹೆಸರಿನ ಒಂದು ಇಎಕ್ಸ್‌ಇ, ಪಕ್ಕದಲ್ಲಿ ‘ಐವ್ಯೂವರ್ಸ್’ ಎಂಬ ಒಂದು ಡಿಎಲ್‌ಎಲ್, ಅಂದರೆ ಪ್ರೋಗ್ರಾಂ ಓಡುವಾಗ ಎತ್ತಿಕೊಳ್ಳುವ ಕೋಡಿನ ಫೈಲ್.

ಆ ಇಎಕ್ಸ್‌ಇ ಸ್ಕ್ಯಾನರೇ ಅಲ್ಲ. ಮೈಕ್ರೋಸಾಫ್ಟಿನದೇ ಒಂದು ಅಸಲಿ ಉಪಕರಣಕ್ಕೆ ಹೆಸರು ಬದಲಿಸಿ ಇಟ್ಟಿದ್ದರು. ವಿಂಡೋಸ್ ಯಾವುದೇ ಪ್ರೋಗ್ರಾಂ ಶುರುಮಾಡುವಾಗ ಅದಕ್ಕೆ ಬೇಕಾದ ಡಿಎಲ್‌ಎಲ್‌ಗಳನ್ನು ಅದೇ ಫೋಲ್ಡರಿನಲ್ಲಿ ಮೊದಲು ಹುಡುಕುವುದರಿಂದ, ಅಸಲಿ ಪ್ರೋಗ್ರಾಂ ಪಕ್ಕದಲ್ಲಿದ್ದ ಕಳ್ಳ ಡಿಎಲ್‌ಎಲ್ ಅನ್ನು ತಾನೇ ಎತ್ತಿಕೊಳ್ಳುತ್ತಿತ್ತು. ಒಳಹೊಕ್ಕ ಹಿಂಬಾಗಿಲು ತನ್ನ ಒಡೆಯರ ಜತೆ ಮಾತಾಡಲು ಬಳಸಿದ್ದು ಡಿಎನ್‌ಎಸ್‌ನ (ತಾಣದ ಹೆಸರಿಗೆ ವಿಳಾಸ ಹುಡುಕಿಕೊಡುವ ವ್ಯವಸ್ಥೆ) ಎಮ್‌ಎಕ್ಸ್ ಕೋರಿಕೆಗಳನ್ನು, ಅಂದರೆ ಇಮೇಲ್ ಸರ್ವರ್ ಎಲ್ಲಿದೆ ಎಂದು ಕೇಳುವ ಪ್ರಶ್ನೆಗಳನ್ನು. ಫೈರ್‌ವಾಲ್‌ಗಳು ಡಿಎನ್‌ಎಸ್ ಅನ್ನು ಸಾಮಾನ್ಯವಾಗಿ ತಡೆಯುವುದಿಲ್ಲವಾದ್ದರಿಂದ ಇದು ಸಲೀಸಾಗಿ ಹೊರಗೆ ಹೋಗುತ್ತಿತ್ತು.

ಸ್ಕ್ಯಾನರನ್ನೇ ಯಾಕೆ ಆರಿಸಿಕೊಂಡರು? ಅದನ್ನು ಡೌನ್‌ಲೋಡ್ ಮಾಡುವವರು ಯಾರು ಎಂದು ಯೋಚಿಸಿದರೆ ಉತ್ತರ ಸಿಗುತ್ತದೆ. ಅಕೌಂಟ್ಸ್ ವಿಭಾಗದವರು ಐಪಿ ಸ್ಕ್ಯಾನರ್ ಹುಡುಕುವುದಿಲ್ಲ. ಹುಡುಕುವವರು ಸಿಸ್ಟಮ್ ಅಡ್ಮಿನ್‌ಗಳು. ಅವರ ಯಂತ್ರದಲ್ಲಿ ಡೊಮೇನ್ (ಇಲ್ಲಿ ಸಂಸ್ಥೆಯ ಇಡೀ ವಿಂಡೋಸ್ ನೆಟ್‌ವರ್ಕ್) ಅಡ್ಮಿನ್ ಪಾಸ್‌ವರ್ಡು, ಸರ್ವರ್‌ಗಳಿಗೆ ಹೋಗುವ ರಿಮೋಟ್ ಸಂಪರ್ಕ, ಬ್ಯಾಕಪ್ಪಿನ ಕೀಲಿ, ಎಲ್ಲ ಇರುತ್ತದೆ. 2023ರ ನವೆಂಬರ್‌ನಲ್ಲಿ ಆದ ಇನ್ನೊಂದು ದಾಳಿಯಲ್ಲಿ ನಕಲಿ ಅಡ್ವಾನ್ಸ್ಡ್ ಐಪಿ ಸ್ಕ್ಯಾನರ್ ಮೂಲಕ ‘ನೈಟ್ರೋಜನ್’ ಎಂಬ ಮಾಲ್‌ವೇರ್ ಹೊಕ್ಕು, ಸುಮಾರು ಒಂದು ವಾರದಲ್ಲಿ ಇಡೀ ಡೊಮೇನಿನ ಮೇಲೆ ಬ್ಲ್ಯಾಕ್‌ಕ್ಯಾಟ್ ರ‍್ಯಾನ್ಸಮ್‌ವೇರ್ (ಫೈಲುಗಳಿಗೆ ಬೀಗ ಜಡಿದು ಹಣ ಕೇಳುವ ಮಾಲ್‌ವೇರ್) ಬಿದ್ದಿತ್ತು.

‘ಹಾಗಾದರೆ ಹೊಸ ಆವೃತ್ತಿ ಹಾಕಿಕೊಂಡರೆ ಮುಗಿಯಿತಲ್ಲ’ ಎನ್ನುವವರಿಗೆ 2025ರ ಮೇ ತಿಂಗಳ ಪ್ರಕರಣ. ಎನ್‌ಮ್ಯಾಪ್ ಎಂಬ ಹೆಸರಾಂತ ಉಚಿತ ಸ್ಕ್ಯಾನರಿನ ಗ್ರಾಫಿಕಲ್ ಮುಖವಾದ ಜೆನ್‌ಮ್ಯಾಪ್ ಹೆಸರಿನಲ್ಲಿ ನಕಲಿ ತಾಣವೊಂದು ಹುಡುಕಾಟದ ಫಲಿತಾಂಶಗಳಲ್ಲಿ ಮೇಲಕ್ಕೆ ಬಂತು. ವಿಳಾಸವನ್ನು ನೇರವಾಗಿ ಟೈಪಿಸಿ ಹೋದವರಿಗೆ ಅಲ್ಲಿ ಕಾಣುತ್ತಿದ್ದದ್ದು ನಿರುಪದ್ರವಿ ಲೇಖನಗಳು. ಸರ್ಚ್ ಮೂಲಕ ಬಂದವರಿಗೆ ಮಾತ್ರ ಎನ್‌ಮ್ಯಾಪ್ ತಾಣದ ತದ್ರೂಪು. ಅಲ್ಲಿ ಕೊಡುತ್ತಿದ್ದ ಫೈಲಿನ ಸಂಖ್ಯೆ 7.97, ಅಂದರೆ ಆ ಹೊತ್ತಿಗೆ ತೀರಾ ಹೊಸದು. ಅದರೊಳಗೆ ಸ್ಕ್ಯಾನರ್ ಇತ್ತು, ಜತೆಗೆ ‘ಬಂಬಲ್‌ಬೀ’ ಎಂಬ ಮಾಲ್‌ವೇರ್ ಕೂಡ. ಸ್ಕ್ಯಾನರ್ ಕೆಲಸ ಮಾಡುತ್ತದೆ ಎಂಬ ಕಾರಣಕ್ಕೇ ಯಾರಿಗೂ ಅನುಮಾನ ಬರುವುದಿಲ್ಲ. ಅಂದಹಾಗೆ ಜೆನ್‌ಮ್ಯಾಪ್‌ಗೆ ಪ್ರತ್ಯೇಕ ತಾಣ ಬೇಕಾಗಿಯೇ ಇಲ್ಲ. ವಿಂಡೋಸಿನಲ್ಲಿ ಅದು ಎನ್‌ಮ್ಯಾಪ್ ಇನ್‌ಸ್ಟಾಲರ್‌ನ ಒಳಗೇ ಬರುತ್ತದೆ. ಇಷ್ಟು ಗೊತ್ತಿದ್ದವರು ಆ ತಾಣವನ್ನು ಕಂಡ ಕೂಡಲೇ ಮುಚ್ಚುತ್ತಿದ್ದರು.

ದೊಡ್ಡ ಹೆಸರಿನ ಡೌನ್‌ಲೋಡ್ ತಾಣವಾದರೆ ಚಿಂತೆಯಿಲ್ಲ ಎಂಬ ನಂಬಿಕೆಗೂ ಆಧಾರ ಸಾಲದು. 2011ರ ಡಿಸೆಂಬರ್‌ನಲ್ಲಿ ಡೌನ್‌ಲೋಡ್ ಡಾಟ್ ಕಾಮ್ ತಾಣ ಎನ್‌ಮ್ಯಾಪ್‌ಗೆ ತನ್ನದೇ ಇನ್‌ಸ್ಟಾಲರ್ ಸುತ್ತಿ, ಬ್ರೌಸರಿಗೆ ಟೂಲ್‌ಬಾರ್ ತುರುಕುತ್ತಿದೆ ಎಂದು ಎನ್‌ಮ್ಯಾಪ್‌ನ ಜನಕ ಗಾರ್ಡನ್ ಲಯಾನ್ ಬಹಿರಂಗವಾಗಿಯೇ ಜಗಳಕ್ಕೆ ನಿಂತಿದ್ದರು.

ಇನ್ನು ಆ್ಯಂಟಿವೈರಸ್ ವಿಷಯ. ಇಲ್ಲೊಂದು ಪೇಚು ಇದೆ. ರ‍್ಯಾನ್ಸಮ್‌ವೇರ್ ಗುಂಪುಗಳು ಒಳಹೊಕ್ಕ ಮೇಲೆ ನೆಟ್‌ವರ್ಕಿನಲ್ಲಿ ಏನೇನಿದೆ ಎಂದು ತಿಳಿಯಲು ಬಳಸುವುದೂ ಇದೇ ಸ್ಕ್ಯಾನರ್‌ಗಳ ಅಸಲಿ ಪ್ರತಿಗಳನ್ನು. ಹಾಗಾಗಿ ಆ್ಯಂಟಿವೈರಸ್ ಕಂಪನಿಗಳು ಅಸಲಿ ಸ್ಕ್ಯಾನರಿಗೂ ‘ಹ್ಯಾಕ್‌ಟೂಲ್’, ‘ಬೇಡದ ಸಾಫ್ಟ್‌ವೇರ್’ ಎಂಬ ಚೀಟಿ ಅಂಟಿಸುತ್ತವೆ. ಅಡ್ಮಿನ್‌ಗಳು ಕ್ರಮೇಣ ‘ಇದು ಯಾವಾಗಲೂ ಹೀಗೇ’ ಎಂದು ಎಚ್ಚರಿಕೆಯನ್ನು ದಾಟಿಸುವುದನ್ನು ರೂಢಿಸಿಕೊಳ್ಳುತ್ತಾರೆ. ನಕಲಿ ಫೈಲಿಗೆ ಬೇಕಾದ ರಕ್ಷಣೆ ಅಲ್ಲಿಗೆ ಸಿದ್ಧ. ಎಚ್ಚರಿಕೆ ಬಂದಾಗ ಅದರ ಹೆಸರನ್ನು ಓದಿ: ಹ್ಯಾಕ್‌ಟೂಲ್ ಎಂದಿದ್ದರೆ ಅದು ಸ್ಕ್ಯಾನರಿನ ಸ್ವಭಾವದ ಬಗ್ಗೆ ಹೇಳುತ್ತಿರಬಹುದು. ಟ್ರೋಜನ್, ಲೋಡರ್, ಬ್ಯಾಕ್‌ಡೋರ್ ಎಂದಿದ್ದರೆ ಅಲ್ಲಿಗೆ ನಿಲ್ಲಿಸಿ. ‘ಇನ್‌ಸ್ಟಾಲ್ ಮಾಡುವ ಮುನ್ನ ಆ್ಯಂಟಿವೈರಸ್ ಆಫ್ ಮಾಡಿ’ ಎಂದು ಡೌನ್‌ಲೋಡ್ ಪುಟವೇ ಸಲಹೆ ಕೊಟ್ಟರಂತೂ ಆ ಪುಟದಲ್ಲಿ ಇನ್ನು ಓದುವುದೇನೂ ಉಳಿದಿಲ್ಲ.

ಫೈಲು ಅಸಲಿಯೇ, ಆದರೆ ಹಳೆಯದು

ಸಿಡಿಯಲ್ಲೋ ಪೆನ್‌ಡ್ರೈವಿನಲ್ಲೋ ಜೋಪಾನವಾಗಿಟ್ಟ ಅಸಲಿ ಹಳೇ ಸ್ಕ್ಯಾನರ್ ಆದರೆ ಪರವಾಗಿಲ್ಲವೇ? ತೊಂದರೆ ಅಲ್ಲೂ ಇದೆ, ಬೇರೆ ಬಗೆಯದು.

ವಿಂಡೋಸಿನ ಹಳೇ ಸ್ಕ್ಯಾನರ್‌ಗಳಲ್ಲಿ ಬಹಳಷ್ಟು ವಿನ್‌ಪಿಕ್ಯಾಪ್ ಎಂಬ ಡ್ರೈವರ್ ಬೇಡುತ್ತವೆ. ಅದರ ಕೊನೆಯ ಆವೃತ್ತಿ 4.1.3 ಬಂದದ್ದು 2013ರ ಮಾರ್ಚ್‌ನಲ್ಲಿ. ಅದರ ನಂತರ ಕೆಲಸ ನಿಂತಿದೆ. ಹೊಸದನ್ನು ಬಳಸಿ ಎಂದು ಅದರ ತಾಣವೇ ಹೇಳುತ್ತದೆ. ಡ್ರೈವರ್ ಎಂದರೆ ವಿಂಡೋಸಿನ ತಿರುಳಾದ ಕರ್ನಲ್ ಒಳಗೆ ಓಡುವ ಕೋಡ್. ಅದರಲ್ಲಿ ದೋಷ ಸಿಕ್ಕರೆ ತಿದ್ದುವವರೇ ಇಲ್ಲ. ಇನ್ನೊಂದು, ವಿನ್‌ಪಿಕ್ಯಾಪ್ ಡ್ರೈವರ್ ಒಮ್ಮೆ ಓಡತೊಡಗಿದರೆ ಆ ಯಂತ್ರದ ಯಾವ ಬಳಕೆದಾರ ಬೇಕಾದರೂ ನೆಟ್‌ವರ್ಕಿನ ಪ್ಯಾಕೆಟ್ (ಅಲ್ಲಿ ಹರಿದಾಡುವ ಮಾಹಿತಿಯ ತುಣುಕು) ಹಿಡಿಯಬಹುದು, ಅಡ್ಮಿನ್ ಆಗಿರಬೇಕಿಲ್ಲ. ಹತ್ತು ಮಕ್ಕಳು ಹಂಚಿಕೊಳ್ಳುವ ಲ್ಯಾಬಿನ ಯಂತ್ರದಲ್ಲಿ ಇದು ಸಣ್ಣ ಮಾತಲ್ಲ. ಎನ್‌ಮ್ಯಾಪ್ ಬಳಗದವರೇ ಮಾಡಿದ ಎನ್‌ಪಿಕ್ಯಾಪ್ ಈಗ ಅದರ ಜಾಗದಲ್ಲಿದೆ. ಪ್ಯಾಕೆಟ್ ಹಿಡಿದು ತೋರಿಸುವ ಸಾಫ್ಟ್‌ವೇರ್ ವೈರ್‌ಶಾರ್ಕ್‌ನ 2019ರ 3.0 ಆವೃತ್ತಿ ಕೂಡ ವಿನ್‌ಪಿಕ್ಯಾಪ್ ಬಿಟ್ಟು ಇದನ್ನೇ ಹಿಡಿಯಿತು. ಎನ್‌ಪಿಕ್ಯಾಪ್ ಹಾಕುವಾಗ ‘ಅಡ್ಮಿನ್‌ಗಳಿಗೆ ಮಾತ್ರ ಅವಕಾಶ’ ಎಂಬ ಚೌಕಕ್ಕೆ ಟಿಕ್ ಹಾಕುವುದನ್ನು ಮರೆಯಬೇಡಿ, ಅದು ತಾನಾಗಿ ಟಿಕ್ ಆಗಿರುವುದಿಲ್ಲ.

ಸ್ಕ್ಯಾನರ್ ಬರೀ ಕೇಳುತ್ತದೆ, ಆದ್ದರಿಂದ ಅದಕ್ಕೆ ಏನೂ ಆಗುವುದಿಲ್ಲ ಎಂಬ ಭಾವನೆ ಹಲವರಲ್ಲಿದೆ. ನಿಜವಾಗಿ ಅದು ಗುರುತು ಪರಿಚಯ ಇಲ್ಲದ ಯಂತ್ರಗಳು ಕೊಟ್ಟ ಉತ್ತರವನ್ನು ಓದಿ ಬಿಡಿಸುತ್ತದೆ. ಆ ಉತ್ತರದಲ್ಲೇ ಕುತಂತ್ರ ಇರಬಹುದು. 6.40ಕ್ಕಿಂತ ಹಳೆಯ ಎನ್‌ಮ್ಯಾಪ್‌ನಲ್ಲಿ, ಡಾಮಿನೊ ಎಂಬ ಸರ್ವರ್ ಸಾಫ್ಟ್‌ವೇರನ್ನು ಪರೀಕ್ಷಿಸುವ ಒಂದು ಸ್ಕ್ರಿಪ್ಟಿನಲ್ಲಿ ಇಂಥದ್ದೇ ದೋಷವಿತ್ತು: ಸ್ಕ್ರಿಪ್ಟನ್ನು ಒಂದು ನಿರ್ದಿಷ್ಟ ಆಯ್ಕೆಯೊಂದಿಗೆ ಓಡಿಸಿದರೆ, ಸ್ಕ್ಯಾನ್ ಮಾಡಿಸಿಕೊಳ್ಳುವ ಸರ್ವರೇ ಸ್ಕ್ಯಾನ್ ಮಾಡುವವರ ಡಿಸ್ಕಿನಲ್ಲಿ ತನಗೆ ಬೇಕಾದ ಹೆಸರಿನ ಫೈಲ್ ಬರೆಯಬಹುದಿತ್ತು. 2013ರಲ್ಲಿ ಅದನ್ನು ಸರಿಪಡಿಸಲಾಯಿತು. ಹಳೇ ಪ್ರತಿ ಇಟ್ಟುಕೊಂಡವರ ಹತ್ತಿರ ಆ ತೂತು ಹಾಗೇ ಇದೆ.

ಇದಕ್ಕಿಂತ ಹೆಚ್ಚು ಜನರಿಗೆ ಕಚ್ಚುವುದು ತಪ್ಪು ಫಲಿತಾಂಶ. ಹಳೇ ಸ್ಕ್ಯಾನರ್ ‘ಏನೂ ಸಿಗಲಿಲ್ಲ’ ಎಂದಾಗ ಅದು ‘ನನಗೆ ಗುರುತಿಸಲು ಬರಲಿಲ್ಲ’ ಎಂದೂ ಆಗಿರಬಹುದು. ಪರದೆಯ ಮೇಲೆ ಎರಡೂ ಒಂದೇ ಥರ ಕಾಣುತ್ತವೆ. ವೆಬ್ ಸಂಪರ್ಕವನ್ನು ಗೂಢಲಿಪಿಯಲ್ಲಿ ಕಾಯುವ ಟಿಎಲ್‌ಎಸ್‌ನ 1.3 ಆವೃತ್ತಿ ಮಾನದಂಡವಾದದ್ದು 2018ರಲ್ಲಿ. ಅದಕ್ಕೂ ಮುಂಚಿನ ಟೂಲಿಗೆ ಟಿಎಲ್‌ಎಸ್ 1.3 ಮಾತ್ರ ಒಪ್ಪುವ ಸರ್ವರಿನ ಜತೆ ಮಾತೇ ಹೊಂದುವುದಿಲ್ಲ. 2021ರ ಡಿಸೆಂಬರ್‌ನಲ್ಲಿ ಬೆಳಕಿಗೆ ಬಂದ ಲಾಗ್4ಶೆಲ್ ದೋಷವನ್ನು 2020ರಲ್ಲೇ ಅಪ್‌ಡೇಟ್ ನಿಲ್ಲಿಸಿದ ದೋಷ ಪತ್ತೆ ಸ್ಕ್ಯಾನರ್ ಕಂಡುಹಿಡಿಯುವುದಾದರೂ ಹೇಗೆ? ಎನ್‌ಮ್ಯಾಪ್ ಆಪರೇಟಿಂಗ್ ಸಿಸ್ಟಮ್‌ಗಳನ್ನು ಗುರುತಿಸಲು ಬಳಸುವ ಬೆರಳಚ್ಚುಗಳ ಪಟ್ಟಿ ಈಗ 6,000 ದಾಟಿದೆ. ಹಳೇ ಪಟ್ಟಿ ವಿಂಡೋಸ್ 11 ಅನ್ನು ಕಂಡರೆ ತನಗೆ ಗೊತ್ತಿರುವ ಯಾವುದೋ ಹಳೇ ವಿಂಡೋಸ್ ಹೆಸರು ಹೇಳಿ ಸುಮ್ಮನಾಗುತ್ತದೆ. ಆ ವರದಿಯನ್ನೇ ಆಡಿಟ್‌ಗೆ ಲಗತ್ತಿಸಿದರೆ ಆಮೇಲೆ ಉತ್ತರ ಕೊಡಬೇಕಾದವರು ನೀವು.

ಹಳೇ ಟೂಲನ್ನು ಓಡಿಸಲು ಹೋಗಿ ವಿಂಡೋಸನ್ನೇ ಸಡಿಲಿಸುವುದು ಇನ್ನೂ ಕೆಟ್ಟದ್ದು. ಶೇರ್ ಫೋಲ್ಡರ್ ಪಟ್ಟಿ ಮಾಡುವ ಹಳೇ ಸ್ಕ್ಯಾನರ್‌ಗಳು ಎಸ್‌ಎಮ್‌ಬಿ 1 ಎಂಬ ಹಳೇ ಪ್ರೋಟೊಕಾಲ್ ಅವಲಂಬಿಸಿರುತ್ತವೆ. 2017ರ ಕೊನೆಯಲ್ಲಿ ಬಂದ ವಿಂಡೋಸ್ 10ರ 1709 ಆವೃತ್ತಿಯಿಂದೀಚೆಗೆ ಹೊಸದಾಗಿ ಇನ್‌ಸ್ಟಾಲ್ ಮಾಡಿದಾಗ ಅದು ತಾನಾಗಿ ಬರುವುದಿಲ್ಲ. ಪಟ್ಟಿ ಖಾಲಿ ಕಾಣುತ್ತದೆ. ಯಾರೋ ‘ವಿಂಡೋಸ್ ಫೀಚರ್ಸ್‌ನಲ್ಲಿ ಎಸ್‌ಎಮ್‌ಬಿ 1 ಆನ್ ಮಾಡಿ, ಸರಿಹೋಗುತ್ತದೆ’ ಎನ್ನುತ್ತಾರೆ. ಹೌದು, ಪಟ್ಟಿ ಬರುತ್ತದೆ. ಆದರೆ 2017ರ ಮೇ ತಿಂಗಳಲ್ಲಿ ವಾನಾಕ್ರೈ ಎಂಬ ಮಾಲ್‌ವೇರ್ ಜಗತ್ತಿನಾದ್ಯಂತ ಹರಡಿದ್ದು ಇದೇ ಎಸ್‌ಎಮ್‌ಬಿ 1ರ ದೋಷದ ಮೂಲಕ. ಒಂದು ಸ್ಕ್ಯಾನಿಗಾಗಿ ತೆರೆದ ಆ ಬಾಗಿಲನ್ನು ಯಾರೂ ನೆನಪಿಟ್ಟುಕೊಂಡು ಮುಚ್ಚುವುದಿಲ್ಲ. ಇದೇ ಜಾತಿಯ ಇನ್ನೊಂದು ಕಥೆ 2004ರದು: ವಿಂಡೋಸ್ ಎಕ್ಸ್‌ಪಿ ಎಸ್‌ಪಿ2 ಬಂದು ರಾ ಸಾಕೆಟ್‌ಗೆ (ಪ್ರೋಗ್ರಾಂ ತಾನೇ ಪ್ಯಾಕೆಟ್ ರೂಪಿಸಿ ಕಳಿಸುವ ದಾರಿ) ಕಡಿವಾಣ ಹಾಕಿದಾಗ ಹಳೇ ಸ್ಕ್ಯಾನರ್‌ಗಳು ಕೈಕೊಟ್ಟವು, ಅವುಗಳಿಗಾಗಿ ಫೈರ್‌ವಾಲ್ ಸೇವೆಯನ್ನೇ ನಿಲ್ಲಿಸುವ ಸಲಹೆ ಎಲ್ಲೆಡೆ ಹರಿದಾಡಿತು.

ಪ್ರಿಂಟರ್ ಇರುವ ಆಫೀಸಿನವರಿಗೆ ಒಂದು ಮಾತು. ನೆಟ್‌ವರ್ಕ್ ಪ್ರಿಂಟರ್‌ಗಳು 9100ನೇ ಪೋರ್ಟಿಗೆ (ಪೋರ್ಟ್ ಎಂದರೆ ಸಾಧನದ ಒಂದೊಂದು ಸೇವೆಗಿರುವ ಸಂಖ್ಯೆಯ ಬಾಗಿಲು) ಬಂದ ಏನನ್ನೇ ಆದರೂ ಕಾಗದದ ಮೇಲೆ ಮುದ್ರಿಸಲು ನೋಡುತ್ತವೆ. ಸೇವೆ ಯಾವುದೆಂದು ಪತ್ತೆಹಚ್ಚಲು ಸ್ಕ್ಯಾನರ್ ಕಳಿಸುವ ಪ್ರಶ್ನೆಗಳೂ ಹಾಗೆಯೇ ಅಚ್ಚಾಗಿ, ಟ್ರೇ ತುಂಬ ಅರ್ಥವಿಲ್ಲದ ಅಕ್ಷರಗಳ ಹಾಳೆ ಬೀಳುತ್ತವೆ. ಎನ್‌ಮ್ಯಾಪ್ ಇದನ್ನು ಅರಿತು 9100ರಿಂದ 9107ರವರೆಗಿನ ಪೋರ್ಟ್‌ಗಳನ್ನು ಆವೃತ್ತಿ ಪತ್ತೆಯಿಂದ ತಾನಾಗಿಯೇ ಬಿಡುತ್ತದೆ. ಎಲ್ಲಿಂದಲೋ ತಂದ ಅನಾಮಧೇಯ ಸ್ಕ್ಯಾನರ್‌ಗೆ ಅಷ್ಟು ನಾಜೂಕು ಇರುತ್ತದೆಂಬ ಭರವಸೆ ಇಲ್ಲ.

ಡೌನ್‌ಲೋಡೇ ಬೇಡದ ದಾರಿ

ಹತ್ತರಲ್ಲಿ ಏಳೆಂಟು ಸಲ ಬೇಕಿರುವುದು ಬರೀ ಸಾಧನಗಳ ಪಟ್ಟಿ. ಅದು ರೂಟರಿನಲ್ಲೇ ಇದೆ: ಅಡ್ಮಿನ್ ಪುಟಕ್ಕೆ ಹೋಗಿ ಡಿಎಚ್‌ಸಿಪಿ ಕ್ಲೈಂಟ್ ಪಟ್ಟಿ (ರೂಟರ್ ತಾನೇ ಐಪಿ ಹಂಚಿದ ಸಾಧನಗಳದು) ತೆರೆದರೆ ಹೆಸರು, ಐಪಿ, ಮ್ಯಾಕ್ ವಿಳಾಸ (ನೆಟ್‌ವರ್ಕ್ ಕಾರ್ಡಿನ ಗುರುತು ಸಂಖ್ಯೆ) ಎಲ್ಲ ಸಾಲಾಗಿ ಕಾಣುತ್ತವೆ. ಕೈಯಿಂದ ಸ್ಥಿರ ಐಪಿ ಕೊಟ್ಟ ಕ್ಯಾಮೆರಾ, ಡಿವಿಆರ್‌ಗಳು ಮಾತ್ರ ಅಲ್ಲಿ ಬರುವುದಿಲ್ಲ. ಅವಕ್ಕೆ ವಿಂಡೋಸಿನ ಕಮಾಂಡ್ ಪ್ರಾಂಪ್ಟ್ ಸಾಕು. 1ರಿಂದ 254ರವರೆಗೆ ಪ್ರತಿ ವಿಳಾಸಕ್ಕೂ ಒಂದೊಂದು ಪಿಂಗ್ ಕಳಿಸುವ ಒಂದು ಸಾಲಿನ ‘ಫಾರ್’ ಲೂಪ್ ಓಡಿಸಿ, ಮುಗಿದ ಕೂಡಲೇ ‘ಎಆರ್‌ಪಿ’ ಆಜ್ಞೆಯನ್ನು ‘ಎ’ ಆಯ್ಕೆಯೊಂದಿಗೆ (arp -a) ಕೊಡಿ. ಪಿಂಗ್‌ಗೆ ಉತ್ತರಿಸದ ಯಂತ್ರವೂ ಈ ಪಟ್ಟಿಯಲ್ಲಿ ಸಿಕ್ಕಿಬೀಳುತ್ತದೆ. ಯಾಕೆಂದರೆ ಫೈರ್‌ವಾಲ್ ಪಿಂಗನ್ನು ತಡೆದರೂ ‘ಈ ಐಪಿ ಯಾರದು’ ಎಂಬ ಎಆರ್‌ಪಿ ಪ್ರಶ್ನೆಗೆ ಉತ್ತರ ಕೊಡದೆ ಯಾವ ಸಾಧನವೂ ಸ್ಥಳೀಯ ನೆಟ್‌ವರ್ಕಿನಲ್ಲಿ ಬಾಳಲಾರದು. ಲೂಪ್ ಮುಗಿಸಿ ಚಹಾಕ್ಕೆ ಹೋಗಬೇಡಿ. ಎಆರ್‌ಪಿ ಪಟ್ಟಿಯಲ್ಲಿನ ನಮೂದುಗಳು ಬೇಗ ಅಳಿಯುತ್ತವೆ. ಲಿನಕ್ಸಿನಲ್ಲಿ ‘ಐಪಿ ನೇ’ (ip neigh) ಆಜ್ಞೆ ಇದೇ ಕೆಲಸ ಮಾಡುತ್ತದೆ. ಒಂದು ಯಂತ್ರದ ಒಂದು ಪೋರ್ಟ್ ತೆರೆದಿದೆಯೇ ಎಂದು ನೋಡಲು ಪವರ್‌ಶೆಲ್‌ನ ‘ಟೆಸ್ಟ್-ನೆಟ್‌ಕನೆಕ್ಷನ್’ ಇದೆ.

ಮೊಬೈಲ್‌ಗಳ ಮ್ಯಾಕ್ ನೋಡಿ ಯಾರದೆಂದು ಗುರುತಿಸುವ ಆಸೆ ಬಿಡುವುದು ಒಳ್ಳೆಯದು. ಆಂಡ್ರಾಯ್ಡ್ 10, ಐಓಎಸ್ 14ರ ನಂತರ ಫೋನುಗಳು ವೈಫೈಗೆ ಸುಳ್ಳು ಮ್ಯಾಕ್ ಕೊಡುತ್ತವೆ.

ಸಿಸಿಟಿವಿಯವರಿಗೆ ಆಯಾ ಕಂಪನಿಯ ಹುಡುಕು ಉಪಕರಣವೇ ಸರಿ, ಹಿಕ್‌ವಿಷನ್ ಆದರೆ ಎಸ್‌ಎಡಿಪಿ, ದಾಹುವಾ ಆದರೆ ಕಾನ್ಫಿಗ್‌ಟೂಲ್. ಅದನ್ನೂ ಕಂಪನಿಯ ತಾಣದಿಂದಲೇ ತಂದುಕೊಳ್ಳಿ, ವಾಟ್ಸ್ಆ್ಯಪ್ ಗ್ರೂಪಿನಲ್ಲಿ ಬಂದ ಜಿಪ್ ಬೇಡ.

ಪೋರ್ಟ್, ಸೇವೆ, ಆವೃತ್ತಿ ಎಲ್ಲ ಬೇಕಾದಾಗ ಎನ್‌ಮ್ಯಾಪ್. ವಿಂಡೋಸಿನಲ್ಲಿ ಎನ್‌ಮ್ಯಾಪ್ ಡಾಟ್ ಆರ್ಗ್ ಎಂದು ವಿಳಾಸವನ್ನು ಕೈಯಾರೆ ಟೈಪಿಸಿ ಹೋಗಿ, ಇಲ್ಲವೇ ಸಾಫ್ಟ್‌ವೇರ್ ತಂದು ಹಾಕುವ ವಿಂಡೋಸಿನದೇ ಆಜ್ಞೆ ವಿನ್‌ಗೆಟ್ ಬಳಸಿ. ವಿನ್‌ಗೆಟ್ ಪ್ರತಿ ಫೈಲಿನ ಎಸ್‌ಎಚ್‌ಎ-256 ಹ್ಯಾಶನ್ನು (ಫೈಲಿನಿಂದ ಲೆಕ್ಕ ಹಾಕಿ ತೆಗೆದ, ಬೆರಳಚ್ಚಿನಂಥ ಗುರುತು) ತನ್ನ ದಾಖಲೆಯ ಜತೆ ಹೋಲಿಸಿಯೇ ಇನ್‌ಸ್ಟಾಲ್ ಮಾಡುತ್ತದೆ. ಎನ್‌ಪಿಕ್ಯಾಪ್‌ನ ಉಚಿತ ಆವೃತ್ತಿಗೆ ಸೈಲೆಂಟ್ ಇನ್‌ಸ್ಟಾಲ್ (ಏನೂ ಕೇಳದೆ ತಾನಾಗಿ ಇನ್‌ಸ್ಟಾಲ್ ಆಗುವುದು) ಇಲ್ಲ, ಅದನ್ನು ಪ್ರತ್ಯೇಕವಾಗಿ ಹಾಕಿಕೊಳ್ಳಬೇಕಾಗಬಹುದು. ಆಂಗ್ರಿ ಐಪಿ ಸ್ಕ್ಯಾನರ್ ಇಷ್ಟವಾದರೆ ಅದರ ಮೂಲ ಕೋಡ್ ಇರುವ ಗಿಟ್‌ಹಬ್ ಪುಟದ ರಿಲೀಸ್‌ಗಳಿಂದ ತೆಗೆದುಕೊಳ್ಳಿ.

ಲಿನಕ್ಸಿನ ಉಬುಂಟು 22.04ರಲ್ಲಿ, ಅದರದೇ ಭಂಡಾರದಿಂದ ಸಾಫ್ಟ್‌ವೇರ್ ತರುವ ‘ಆಪ್ಟ್’ ಮೂಲಕ ಹಾಕಿದ ಎನ್‌ಮ್ಯಾಪ್ 7.80 ಎಂದು ತೋರಿಸುತ್ತದೆ. ಅದು 2019ರ ಆವೃತ್ತಿ. ಪ್ಯಾಕೇಜಿನ ಪೂರ್ತಿ ಹೆಸರು ನೋಡಿದರೆ ‘7.91, ರಿಯಲಿ 7.80’ ಎಂಬ ತಮಾಷೆಯ ಸಾಲು ಕಾಣುತ್ತದೆ. ಎನ್‌ಮ್ಯಾಪ್‌ನ ಪರವಾನಗಿ ಬದಲಾದ್ದರಿಂದ ಉಬುಂಟುವಿಗೆ ಮೂಲವಾದ ಡೆಬಿಯನ್ ಬಳಗ ಹೊಸದನ್ನು ಹಿಂತೆಗೆದು ಹಳೆಯದಕ್ಕೆ ಮರಳಿತ್ತು. ಇಂಥ ಹಳೆಯದಕ್ಕೂ ಯಾವುದೋ ತಾಣದ ಹಳೆಯದಕ್ಕೂ ಬಹಳ ವ್ಯತ್ಯಾಸವಿದೆ. ಇದು ಸಹಿ ಇರುವ ಭಂಡಾರದಿಂದ ಬಂದದ್ದು, ಕಲಬೆರಕೆಯ ಭಯ ಇಲ್ಲ. ಬೆರಳಚ್ಚು ಪಟ್ಟಿ ಹಳೆಯದಾದ್ದರಿಂದ ಸಾಧನ ಗುರುತಿಸುವಲ್ಲಿ ಎಡವಬಹುದು, ಅಷ್ಟೆ. 24.04ರಲ್ಲಿ 7.94 ಇದೆ.

ಮೊದಲು ಎನ್‌ಮ್ಯಾಪ್‌ನ ‘ಎಸ್‌ಎನ್’ (-sn) ಆಯ್ಕೆಯಿಂದ 192.168.1.0/24 ಥರದ ನಿಮ್ಮ ವಿಳಾಸ ಶ್ರೇಣಿಯಲ್ಲಿ ಜೀವಂತ ಯಂತ್ರಗಳನ್ನಷ್ಟೇ ಪಟ್ಟಿ ಮಾಡಿ. ಆಮೇಲೆ ಬೇಕಾದ ಒಂದೆರಡಕ್ಕೆ ಮಾತ್ರ ‘ಎಸ್‌ವಿ’ (-sV) ಕೊಟ್ಟು ಸೇವೆಗಳನ್ನು ನೋಡಿ. ಏನೂ ಹೇಳದಿದ್ದರೆ ಅದು ನೋಡುವುದು ಹೆಚ್ಚು ಬಳಕೆಯ 1,000 ಪೋರ್ಟ್‌ಗಳನ್ನು. ಒಟ್ಟು ಇರುವುದು 65,535. ಅಡ್ಮಿನ್ ಅಥವಾ ಸುಡೋ ಇಲ್ಲದೆ ಓಡಿಸಿದರೆ ಎಆರ್‌ಪಿ ಬದಲು 80 ಮತ್ತು 443ನೇ ಪೋರ್ಟ್‌ಗಳನ್ನು ತಟ್ಟಿ ನೋಡುತ್ತದೆ, ಆಗ ಕೆಲವು ಸಾಧನಗಳು ತಪ್ಪಿಹೋಗುತ್ತವೆ. ವರ್ಚುವಲ್ ಯಂತ್ರದಿಂದ ಸ್ಕ್ಯಾನ್ ಮಾಡುವವರು ನೆಟ್‌ವರ್ಕನ್ನು ನ್ಯಾಟ್‌ನಿಂದ (ಮುಖ್ಯ ಯಂತ್ರದ ಮರೆಯಲ್ಲಿ ಹೋಗುವ ಬಗೆ) ಬ್ರಿಡ್ಜ್‌ಗೆ (ನೇರವಾಗಿ ನೆಟ್‌ವರ್ಕ್ ಸೇರುವ ಬಗೆ) ಬದಲಿಸಿ. ನ್ಯಾಟ್‌ನಲ್ಲಿ ಇಲ್ಲದ ಯಂತ್ರಗಳೂ ಇವೆಯೆಂದು ಬರಬಹುದು, ಮ್ಯಾಕ್ ವಿಳಾಸವಂತೂ ಬರುವುದೇ ಇಲ್ಲ. ಗೆಸ್ಟ್ ವೈಫೈಯಿಂದ ಸ್ಕ್ಯಾನ್ ಮಾಡಿ ಖಾಲಿ ಪಟ್ಟಿ ಬಂತೆಂದು ಟೂಲ್ ಬದಲಿಸುವವರಿದ್ದಾರೆ. ಅಲ್ಲಿ ಸಾಧನಗಳನ್ನು ಒಂದಕ್ಕೊಂದು ಕಾಣದಂತೆ ರೂಟರೇ ಬೇರ್ಪಡಿಸಿರುತ್ತದೆ.

ದೋಷ ಪತ್ತೆಯೇ ಗುರಿಯಾದರೆ ಗ್ರೀನ್‌ಬೋನ್‌ನ ಸಮುದಾಯ ಆವೃತ್ತಿ ಉಚಿತ. ಕನಿಷ್ಠ 4 ಜಿಬಿ ರ‍್ಯಾಮ್ ಬೇಕು, 8 ಇದ್ದರೆ ನೆಮ್ಮದಿ. ಪ್ರತಿ ಸ್ಕ್ಯಾನಿನ ಮುಂಚೆ ಫೀಡ್‌ನ (ಗೊತ್ತಿರುವ ದೋಷಗಳ ಪಟ್ಟಿ) ದಿನಾಂಕ ನೋಡಿಕೊಳ್ಳಬೇಕು.

ತಂದ ಫೈಲನ್ನು ಓಡಿಸುವ ಮುನ್ನ ಬಲ ಗುಂಡಿ ಒತ್ತಿ, ಪ್ರಾಪರ್ಟೀಸ್‌ನಲ್ಲಿ ‘ಡಿಜಿಟಲ್ ಸಿಗ್ನೇಚರ್ಸ್’ ತೆರೆಯಿರಿ. ಸಹಿ ಇದೆಯೇ ಎಂಬುದಷ್ಟೇ ಸಾಲದು, ಯಾರ ಸಹಿ ಎಂದು ಓದಬೇಕು. ಅಡ್ವಾನ್ಸ್ಡ್ ಐಪಿ ಸ್ಕ್ಯಾನರ್ ಆದರೆ ಅದರ ತಯಾರಕರಾದ ಫಾಮಾಟೆಕ್ ಎಂದಿರಬೇಕು. ಐಪಿ ಸ್ಕ್ಯಾನರಿನ ಮೇಲೆ ಮೈಕ್ರೋಸಾಫ್ಟ್ ಎಂದಿದ್ದರೆ ಮ್ಯಾಡ್‌ಎಮ್‌ಎಕ್ಸ್‌ಶೆಲ್‌ನ ಜಿಪ್ ನೆನಪಾಗಲಿ. ಹ್ಯಾಶ್ ನೋಡಲು ಪವರ್‌ಶೆಲ್‌ನ ‘ಗೆಟ್-ಫೈಲ್‌ಹ್ಯಾಶ್’ ಇದೆ. ಆದರೆ ಫೈಲು ಸಿಕ್ಕ ಪುಟದಲ್ಲೇ ಬರೆದಿರುವ ಹ್ಯಾಶ್ ಜತೆ ಹೋಲಿಸಿ ಸಮಾಧಾನಪಟ್ಟರೆ ಪ್ರಯೋಜನವಿಲ್ಲ. ನಕಲಿ ತಾಣದವರು ನಕಲಿ ಫೈಲಿನ ಹ್ಯಾಶನ್ನೇ ಹಾಕಿರುತ್ತಾರೆ. ನಿಮ್ಮ ಫೈಲಿನ ಹ್ಯಾಶನ್ನು, ಹಲವು ಆ್ಯಂಟಿವೈರಸ್‌ಗಳ ತೀರ್ಪು ಒಟ್ಟಿಗೆ ತೋರಿಸುವ ವೈರಸ್‌ಟೋಟಲ್ ತಾಣದಲ್ಲಿ ಹುಡುಕಿ, ಮೊದಲ ಬಾರಿ ಯಾವಾಗ ಕಾಣಿಸಿಕೊಂಡಿತು ಎಂಬ ದಿನಾಂಕ ನೋಡಿ. ಐದು ವರ್ಷ ಹಳೆಯದೆಂದು ಹೇಳಿಕೊಳ್ಳುವ ಫೈಲ್ ಜಗತ್ತಿಗೆ ಕಂಡದ್ದು ಹೋದ ವಾರವಾದರೆ ಮುಂದೆ ಹೋಗಬೇಡಿ.

ಎಷ್ಟೇ ಒಳ್ಳೆಯ ಟೂಲ್ ಆದರೂ ನಿಮ್ಮದಲ್ಲದ ನೆಟ್‌ವರ್ಕಿಗೆ ಮೊದಲು ಬರಹದಲ್ಲಿ ಒಪ್ಪಿಗೆ ಬೇಕು. ಅನುಮತಿ ಇಲ್ಲದ ಪ್ರವೇಶಕ್ಕೆ ಮಾಹಿತಿ ತಂತ್ರಜ್ಞಾನ ಕಾಯ್ದೆಯ 43ನೇ ಕಲಂ ಪ್ರಕಾರ ಪರಿಹಾರ ತೆರಬೇಕು. ಅಪ್ರಾಮಾಣಿಕ ಉದ್ದೇಶ ಸೇರಿದರೆ 66ನೇ ಕಲಂನಡಿ 3 ವರ್ಷದವರೆಗೆ ಜೈಲು, 5 ಲಕ್ಷ ರೂಪಾಯಿವರೆಗೆ ದಂಡ, ಅಥವಾ ಎರಡೂ.

ಅನುಮಾನದ ಸ್ಕ್ಯಾನರ್ ಒಂದನ್ನು ಈಗಾಗಲೇ ಓಡಿಸಿಯಾಗಿದ್ದರೆ ಅನ್‌ಇನ್‌ಸ್ಟಾಲ್ ಮಾಡಿ ಕೈತೊಳೆದುಕೊಳ್ಳುವಂತಿಲ್ಲ, ಹಿಂಬಾಗಿಲು ಬೇರೆ ಫೋಲ್ಡರಿನಲ್ಲಿ ಕುಳಿತಿರುತ್ತದೆ. ಕೇಬಲ್ ಕಿತ್ತು ವೈಫೈ ಆರಿಸಿ, ಆದರೆ ಯಂತ್ರವನ್ನು ಆಫ್ ಮಾಡಬೇಡಿ, ಮೆಮೊರಿಯಲ್ಲಿರುವ ಸುಳಿವು ಹೋಗುತ್ತದೆ. ಆ ಯಂತ್ರದಲ್ಲಿ ಬಳಸಿದ ಎಲ್ಲ ಅಡ್ಮಿನ್ ಪಾಸ್‌ವರ್ಡ್‌ಗಳನ್ನು ಬೇರೊಂದು ಶುದ್ಧ ಯಂತ್ರದಿಂದ ಬದಲಿಸಿ. ಡಿಎನ್‌ಎಸ್ ಲಾಗ್‌ನಲ್ಲಿ ಮೇಜಿನ ಕಂಪ್ಯೂಟರುಗಳಿಂದ ಎಮ್‌ಎಕ್ಸ್ ಕೋರಿಕೆ ಹೋಗಿದೆಯೇ ಹುಡುಕಿ: ಇಮೇಲ್ ಸರ್ವರ್ ಅಲ್ಲದ ಪಿಸಿಗೆ ಅದನ್ನು ಕೇಳುವ ಕೆಲಸ ಸಾಮಾನ್ಯವಾಗಿ ಇರುವುದಿಲ್ಲ. ಡೌನ್‌ಲೋಡ್ ಆದ ಜಿಪ್ ಮತ್ತು ಬ್ರೌಸರ್ ಇತಿಹಾಸವನ್ನು ಅಳಿಸದೆ ಹಾಗೇ ಇಡಿ, ತನಿಖೆ ಮಾಡುವವರು ಮೊದಲು ಕೇಳುವುದು ಅವನ್ನೇ. ಸಂಸ್ಥೆಯ ಯಂತ್ರವಾದರೆ 2022ರ ಏಪ್ರಿಲ್ 28ರ ಸರ್ಟ್-ಇನ್ (ಕೇಂದ್ರ ಸರ್ಕಾರದ ಸೈಬರ್ ತುರ್ತು ಸ್ಪಂದನ ಸಂಸ್ಥೆ) ನಿರ್ದೇಶನದ ಪ್ರಕಾರ ಇಂಥ ಘಟನೆಯನ್ನು ಗಮನಕ್ಕೆ ಬಂದ 6 ಗಂಟೆಯೊಳಗೆ ವರದಿ ಮಾಡಬೇಕು. 180 ದಿನದ ಲಾಗ್ ಕೈಯಲ್ಲಿರಬೇಕು ಎಂದೂ ಅದೇ ನಿರ್ದೇಶನ ಹೇಳುತ್ತದೆ.